ಆಂಟಿ ಬಿಡಿಸಿದ ಉಪವಾಸ

ಕುವೈತಿನಲ್ಲಿ ನಮ್ಮ ಕೆಳಗಿನ ಫ್ಲ್ಯಾಟಿನ ಆಂಟಿ ಮೆಟ್ಟಿಲು ಹತ್ತಿ ಬರುವಾಗ ಮೊದಲು ಅವರ ಏದುಸಿರು ನಮ್ಮ ಬಾಗಿಲಿಗೆ ಬರುತ್ತಿತ್ತು, ಆಮೇಲೆ ಅವರು. ದೊಡ್ಡ ಮೈ, ಊದಿದ ಪಾದ, ಕುತ್ತಿಗೆಯ ಮಡಿಕೆಯಲ್ಲಿ ಬೆವರು. ಹದಿನೈದರ ನನಗೆ ಆ ಮೈ ಕಂಡರೆ ಹೆದರಿಕೆ. ನಾನೂ ಹೀಗಾಗಿಬಿಟ್ಟರೆ? ಅವರಿಗೋ ಸಂಕೋಚವೇ ಇರಲಿಲ್ಲ. "ಸೋಫಾ ಗಟ್ಟಿ ಉಂಟಲ್ಲಾ?" ಎಂದು ನಗುತ್ತಲೇ ಕೂರುತ್ತಿದ್ದರು.

ಅವರು ಮಂಗಳೂರಿನ ಬ್ಯಾರಿ ಮುಸ್ಲಿಮರು, ನಾವು ಮೈಸೂರಿನವರು. ಅವರ ಮಗಳು ನನ್ನ ಕ್ಲಾಸು. ಆ ರಂಜಾನಿನಲ್ಲಿ ಗೆಳತಿಯ ಜೊತೆ ನಾನೂ ಉಪವಾಸ ಹಿಡಿಯುತ್ತೇನೆ ಎಂದೆ. ಕುವೈತಿನಲ್ಲಿ ಆ ತಿಂಗಳು ಹಗಲು ಹೊರಗೆ ಯಾರೂ ತಿನ್ನುವುದಿಲ್ಲ, ಹಾಗಾಗಿ ಯಾರಿಗೂ ಅನುಮಾನ ಬರಲಿಲ್ಲ. ಅಪ್ಪ ಆಫೀಸಿನಲ್ಲೆಲ್ಲ ಹೆಮ್ಮೆಯಿಂದ ಹೇಳಿಕೊಂಡರು. "ಸಣ್ಣಗಾಗಿ ಎಷ್ಟು ಲಕ್ಷಣವಾಗಿ ಕಾಣ್ತಾಳೆ ನೋಡಿ," ಎಂದಳು ಅಮ್ಮ. ಸಂಜೆ ಮನೆಯಲ್ಲಿ "ಆಂಟಿ ಮನೇಲಿ ತಿಂದೆ" ಎನ್ನುತ್ತಿದ್ದೆ, ಆಂಟಿಯ ಮನೆಯಲ್ಲಿ "ಅಮ್ಮ ಊಟಕ್ಕೆ ಕಾಯ್ತಿದಾರೆ" ಎನ್ನುತ್ತಿದ್ದೆ.

ಒಂದು ಸಂಜೆ ಆಂಟಿಯ ಮನೆಯಲ್ಲಿ, ಮಸೀದಿಯ ಬಾಂಗ್ ಕೇಳಿದ ಕೂಡಲೇ ಎಲ್ಲರೂ ಖರ್ಜೂರ ಬಾಯಿಗಿಟ್ಟರು. ನನ್ನದನ್ನು ಮೆಲ್ಲಗೆ ಜೇಬಿಗೆ ಸೇರಿಸಿದೆ. ಆಂಟಿ ನನ್ನ ಮಣಿಕಟ್ಟು ಹಿಡಿದು ಅಡುಗೆಮನೆಗೆ ಕರೆದೊಯ್ದರು.

"ನೋಂಬು ಹಿಡಿಯುವುದು ಸಂಜೆ ಬಿಡ್ಲಿಕ್ಕೆ ಮಗಳೇ. ನೀನು ಬಿಡುವುದೇ ಇಲ್ಲ. ಇದು ಎಂತ ಉಪವಾಸ?"

ಅಳು ಬಂದುಬಿಟ್ಟಿತು. "ನಂಗೆ ನಿಮ್ಮ ಥರ ಆಗೋದು ಬೇಡ ಆಂಟಿ."

ಅವರು ಹಿಡಿದ ಕೈ ಬಿಡಲಿಲ್ಲ. "ಆಗ್ಬೇಡ. ಆದ್ರೆ ನೀನು ಉಳೀಬೇಕಲ್ಲಾ?"

ಅವತ್ತೇ ಮೇಲೆ ಹತ್ತಿ ಬಂದು ಅಮ್ಮನಿಗೆ ಹೇಳಿದರು. "ನಮ್ಮ ಹುಡುಗಿಗೇನು ಹುಚ್ಚಾ?" ಎಂದು ಅಮ್ಮ ರೇಗಿದಳು. ಅಪ್ಪ ನನ್ನನ್ನು ಡಾಕ್ಟರ ಹತ್ತಿರ ಕರೆದೊಯ್ಯುವವರೆಗೂ ಆಂಟಿ ದಿನಾ ಬಂದು ಬೈಸಿಕೊಂಡು ಹೋದರು. ದಪ್ಪಗಾಗುವ ಭಯಕ್ಕೆ ಊಟ ಬಿಡುವ ಕಾಯಿಲೆ ಎಂದರು ಡಾಕ್ಟರು; ಚಿಕಿತ್ಸೆ ವರ್ಷಗಟ್ಟಲೆ ನಡೆಯಿತು. ನಾನು ಊಟಕ್ಕೆ ಕೂತಾಗ ಅವರೂ ತಮ್ಮ ತಟ್ಟೆ ಹಿಡಿದು ಎದುರಿಗೆ ಕೂರುತ್ತಿದ್ದರು. ಎಷ್ಟು ತಿಂದೆ ಎಂದು ಒಮ್ಮೆಯೂ ನೋಡಲಿಲ್ಲ.

ಹೋದ ವರ್ಷ ಅವರಿಗೆ ಹೊಟ್ಟೆಯ ಕ್ಯಾನ್ಸರ್ ಎಂದು ಗೊತ್ತಾಯಿತು, ಊರಿಗೆ ಮರಳಿದರು. ವಿಡಿಯೋ ಕಾಲಿನಲ್ಲಿ ಕಂಡ ಮುಖ ಗುರುತೇ ಸಿಗಲಿಲ್ಲ. "ನೋಡ್ಲಿಕ್ಕೆ ಬಂದವರೆಲ್ಲ ಈಗ ಸಪೂರ ಆಗಿ ಚಂದ ಕಾಣ್ತೀರಿ ಅಂತಾರೆ ಮಾರಾಯ್ತಿ," ಎಂದು ನಕ್ಕರು. ನನಗೆ ನಗಲಾಗಲಿಲ್ಲ.

"ಊಟ ಆಯ್ತಾ ನಿಂದು?"

ಆಗಿರಲಿಲ್ಲ. ತಟ್ಟೆ ತಂದು ಅವರ ಮುಂದೆಯೇ ಉಂಡೆ. ಒಂದು ತುತ್ತೂ ಇಳಿಯದ ಅವರು ನಾನು ಮುಗಿಸುವವರೆಗೂ ಫೋನ್ ಹಿಡಿದುಕೊಂಡೇ ಇದ್ದರು.

ಅವರು ತೀರಿಕೊಂಡ ಸುದ್ದಿ ಬಂದ ದಿನ ನನಗೆ ಊಟ ಸೇರಲಿಲ್ಲ. ಆ ದಿನ ಮಾತ್ರ ಅದು ಕಾಯಿಲೆಯಾಗಿರಲಿಲ್ಲ.