ಎಂಟನೆಯ ಚುಕ್ಕಿ

ಸಿಂಧನೂರಿನಿಂದ ಮಸ್ಕಿಗೆ ಹೋಗುವ ರಸ್ತೆಯಲ್ಲಿ ಕೊನೆಯ ರೈಸ್ ಮಿಲ್ ದಾಟಿದರೆ ಎಡಕ್ಕೆ ಒಂದು ಸಣ್ಣ ಓಣಿ. ಹನ್ನೊಂದು ಮನೆ, ಹನ್ನೊಂದೂ ಹಂದಿ ಸಾಕುವ ಮನೆತನಗಳು. ಐದನೆಯ ಮನೆಯ ಹಿತ್ತಲಲ್ಲಿ ಎದೆಯೆತ್ತರದ ಗೋಡೆಯ ಒಂದು ದೊಡ್ಡಿ ಇದೆ. ಆ ಗೋಡೆಯ ಒಳಮೈಯಲ್ಲಿ ಸುಣ್ಣದ ಚುಕ್ಕಿಗಳ ಸಾಲುಗಳಿವೆ.

ಚುಕ್ಕಿ ಇಟ್ಟವಳು ಪಾರ್ವತೆಮ್ಮ. ಅವಳಿಗೆ ಓದು ಬರುವುದಿಲ್ಲ. ಮಸ್ಕಿಯ ತವರಿನಲ್ಲಿ ಅವಳ ತಾಯಿ ಹೀಗೆಯೇ ದಿನ ಹಿಡಿಯುತ್ತಿದ್ದಳು. ಹಂದಿ ಈದ ದಿನ ಒಂದು ಚುಕ್ಕಿ, ಮರುದಿನ ಪಕ್ಕದಲ್ಲಿ ಇನ್ನೊಂದು. ನಲವತ್ತು ತುಂಬಿದಾಗ ಮರಿಗಳನ್ನು ತಾಯಿಯಿಂದ ಬಿಡಿಸುವುದು. ಪಾರ್ವತೆಮ್ಮನಿಗೆ ಈಗ ಐವತ್ತರ ಹತ್ತಿರ. ಮಗಳು ಮೇಘಾ ಲಿಂಗಸುಗೂರಿಗೆ ಮದುವೆಯಾಗಿ ಹೋದ ಮೇಲೆ ಮನೆಯಲ್ಲಿ ಅವಳು, ಗಂಡ ಪಂಪಣ್ಣ, ಮತ್ತು ಎರಡು ಹೆಣ್ಣುಹಂದಿಗಳು. ದೊಡ್ಡದಕ್ಕೆ ಗೌಡ್ತಿ ಎಂದು ಹೆಸರು. ಅದರ ನಡಿಗೆಯ ಗತ್ತು ನೋಡಿ ಇಟ್ಟದ್ದು. ಹಿತ್ತಲ ಗೋಡೆಯಾಚೆ ಎಮ್ಮೆ ಕಟ್ಟಿಕೊಂಡಿರುವ ಕಸ್ತೂರೆಮ್ಮ, ಹಳೆಯ ಜಮೀನುದಾರರ ಮನೆಯಾಕೆ, ಹೊರಗೆ ಕಾಣದಿದ್ದಾಗ ಮಾತ್ರ ಆ ಹೆಸರನ್ನು ಗಟ್ಟಿಯಾಗಿ ಕರೆಯುವುದು.

ಮೊದಲು ಓಣಿಯ ಹಂದಿಗಳು ಬೀದಿಯಲ್ಲೇ ತಿರುಗುತ್ತಿದ್ದವು. ಎರಡು ವರ್ಷದ ಹಿಂದೆ ನಗರಸಭೆಯವರು ಆಟೋಗೆ ಮೈಕು ಕಟ್ಟಿ ಸಾರಿದರು: ಬೀದಿಯಲ್ಲಿ ಕಂಡ ಹಂದಿಯನ್ನು ಹಿಡಿದೊಯ್ಯಲಾಗುವುದು. ಒಂದು ಬೆಳಿಗ್ಗೆ ಹಿಡಿದೇ ಒಯ್ದರು. ಆಗ ಪಾರ್ವತೆಮ್ಮ ದೊಡ್ಡಿ ಕಟ್ಟಿಸಿದಳು. ಸಿಮೆಂಟಿನ ನೆಲ, ತಗಡಿನ ಸೂರು, ನಡುವೆ ಗೋಡೆ ಹಾಕಿ ಎರಡು ಅಂಕಣ. ಓಣಿಗೇ ಮೊದಲನೆಯದು.

"ಹಂದಿ ಅಂದ್ರ ತಿರುಗೋ ಜೀವ," ಎಂದು ಪಂಪಣ್ಣನ ಅಣ್ಣ ಹನುಮಂತು ಕಟ್ಟೆಯ ಮೇಲೆ ಕುಳಿತು ಹೇಳಿದ. "ಅದಕ್ಕ ಸಿಮೆಂಟಿನ ಮನಿ ಕಟ್ಟಿಸ್ಯಾಳ ನಮ್ಮ ಪಾರಿ. ನಾಳೆ ಫ್ಯಾನೂ ಹಾಕಸ್ತಾಳ ನೋಡ್ರಲೇ!"

ಪಾರ್ವತೆಮ್ಮ ನೆಲ ತೊಳೆದಳು. ಬೆಳಿಗ್ಗೆ, ಮಧ್ಯಾಹ್ನ, ಸಂಜೆ, ಫಿನಾಯಿಲ್ ಹಾಕಿ ಮೂರು ಹೊತ್ತು ತೊಳೆದಳು. ಹೊಲಸು ಎಂಬ ಮಾತು ಹುಟ್ಟಿದಾರಭ್ಯ ಅವಳ ಬೆನ್ನ ಹಿಂದೆ ನಡೆದು ಬಂದಿತ್ತು. ಅದನ್ನು ನೀರಿನಿಂದಲೇ ಓಡಿಸುತ್ತೇನೆ ಎಂಬಂತೆ ತೊಳೆದಳು. ಒಮ್ಮೆ ಕಸ್ತೂರೆಮ್ಮನೇ ಗೋಡೆಯಾಚೆಯಿಂದ ಇಣುಕಿ, "ಏ ಪಾರ್ವತಿ, ನಮ್ಮ ಅಡಿಗಿಮನ್ಯಾಗೂ ಇಷ್ಟು ತೊಳ್ಯಂಗಿಲ್ಲ ಬಿಡವ್ವ," ಎಂದಿದ್ದಳು. ಆ ದಿನ ಪಾರ್ವತೆಮ್ಮನಿಗೆ ಊಟ ರುಚಿಸಿತ್ತು.

ಆದರೆ ಮರಿಗಳು ಉಳಿಯಲಿಲ್ಲ.

ಮೂರು ಸೂಲು ಹಾಗೇ ಆಯಿತು. ಹುಟ್ಟಿದ ವಾರ ಮರಿಗಳು ಗುಂಡಗೆ ಮಿಂಚುತ್ತಿದ್ದವು. ಆಮೇಲೆ ಹಳದಿ ಪೇಸ್ಟಿನಂಥ ಭೇದಿ, ಹುಳಿತ ಹಾಲಿನ ವಾಸನೆ. ಮೊಲೆ ಬಿಡುತ್ತಿರಲಿಲ್ಲ, ಕುಡಿಯುತ್ತಲೇ ಬಡಕಲಾಗುತ್ತಿದ್ದವು. ಕೂದಲು ನಿಗುರಿ, ಬೆನ್ನುಮೂಳೆ ಎದ್ದು ಕಾಣುತ್ತಿತ್ತು. ಔಷಧಿ ಅಂಗಡಿಯವನು ಕೊಟ್ಟ ಇಂಜೆಕ್ಷನ್ ಯಾವುದೂ ಹತ್ತಲಿಲ್ಲ. ಇಪ್ಪತ್ತೇಳರಲ್ಲಿ ಹನ್ನೊಂದು ಸತ್ತವು, ಉಳಿದವು ಬೆಳೆಯಲಿಲ್ಲ. ಭೇದಿ ಹತ್ತಿದ ದಿನದ ಚುಕ್ಕಿಯ ಮೇಲೆ ಅವಳು ಅರಿಶಿಣ ಒತ್ತಿದಳು. ಯಾಕೆಂದು ಅವಳಿಗೂ ಗೊತ್ತಿರಲಿಲ್ಲ.

ಓಣಿ ನೋಡುತ್ತಿತ್ತು. ದೊಡ್ಡಿ ಕಟ್ಟಿದವಳ ಮರಿಗಳೇ ಸಾಯುತ್ತವೆ ಎಂದ ಮೇಲೆ ಬೇರೆಯವರು ಯಾಕೆ ಕಟ್ಟುತ್ತಾರೆ? ಹನುಮಂತು ಓಣಿಯವರು ಹಿತ್ತಲಲ್ಲಿ ಕಟ್ಟಿಹಾಕಿದ್ದ ಹಂದಿಗಳನ್ನು ಮತ್ತೆ ಬೀದಿಗೆ ಬಿಡುವ ಮಾತಾಡತೊಡಗಿದ. ಎಲ್ಲರೂ ಕುಳಿತಿದ್ದಾಗ ಪಾರ್ವತೆಮ್ಮ ಎದ್ದು ಹೇಳಿದಳು:

"ಗೌಡ್ತಿ ಇನ್ನು ಇಪ್ಪತ್ತು ದಿನಕ್ಕ ಈತೈತಿ. ಆ ಮರಿನೂ ಉಳೀಲಿಲ್ಲಂದ್ರ ನಾ ಹಂದಿ ಮಾರಿ ಗದ್ದ್ಯಾಗ ನಾಟಿ ಹಚ್ಚಾಕ ಕೂಲಿ ಹೋಗ್ತೀನಿ. ನೀವು ನಿಮ್ಮವನ್ನ ಬಿಟ್ಕೋರಿ. ಅಲ್ಲೀ ತನಕ ಸುಮ್ನಿರ್ರಿ."

ಮರುದಿನ ಕಸ್ತೂರೆಮ್ಮನ ಎಮ್ಮೆಗೆ ಲಸಿಕೆ ಹಾಕಲು ಪಶು ಆಸ್ಪತ್ರೆಯ ಡಾಕ್ಟರ್ ಅಶ್ವಿನಿ ಬಂದಿದ್ದರು. ಪಾರ್ವತೆಮ್ಮ ಗೋಡೆಯಾಚೆಯಿಂದ ಕೂಗಿದಳು. "ಡಾಕ್ಟರಮ್ಮಾ, ಜರಾ ಈ ಕಡಿ ಬರ್ರಿ."

"ಅಯ್ಯ, ಎಮ್ಮಿ ಮುಟ್ಟಿದ ಕೈಲೆ ಹಂದಿ ಮುಟ್ತೀರೇನ್ರಿ?" ಎಂದಳು ಕಸ್ತೂರೆಮ್ಮ.

"ಎಮ್ಮಿ ಏನೂ ಬ್ಯಾಸರ ಮಾಡ್ಕೊಳ್ಳಂಗಿಲ್ರಿ," ಎನ್ನುತ್ತ ಡಾಕ್ಟರು ಕೈ ತೊಳೆದುಕೊಂಡು ಬಂದರು.

ದೊಡ್ಡಿಯಲ್ಲಿ ಆಗ ಇದ್ದದ್ದು ಮೂರನೆಯ ಸೂಲಿನ ಮರಿಗಳು, ಇನ್ನೊಂದು ಹಂದಿ ಈದವು, ಹತ್ತು ದಿನದವು. ಡಾಕ್ಟರು ಒಂದನ್ನು ಎತ್ತಿ ನೋಡಿದರು, ಹಿಕ್ಕೆಯನ್ನು ಡಬ್ಬಿಗೆ ಹಾಕಿಕೊಂಡರು. ಹೊರಡುವಾಗ ಕಣ್ಣು ಗೋಡೆಯ ಮೇಲೆ ಬಿತ್ತು.

"ಇದೇನ್ರಿ, ರಂಗೋಲಿ?"

"ದಿನ ರೀ. ಈದ ದಿನದಿಂದ."

"ಅರಿಶಿಣ?"

"ಭೇದಿ ಹತ್ತಿದ ದಿನ."

ಡಾಕ್ಟರು ಅರಿಶಿಣದ ಚುಕ್ಕಿಯ ತನಕ ಬೆರಳಿಟ್ಟು ಎಣಿಸಿದರು. ಮೊದಲ ಸಾಲು: ಎಂಟು. ಎರಡನೆಯದು: ಎಂಟು. ಮೂರನೆಯದೂ ಎಂಟು.

"ಪಾರ್ವತೆಮ್ಮ, ನಾ ಕೇಳಬೇಕಾಗಿದ್ದನ್ನೆಲ್ಲ ನೀವು ಗ್ವಾಡಿ ಮ್ಯಾಲೆ ಬರದಿಟ್ಟೀರಿ. ಹುಟ್ಟಿದ ಎರಡು ಮೂರು ದಿನಕ್ಕ ಭೇದಿ ಹತ್ತಿದ್ರ ಅದು ಬ್ಯಾರೆ ರೋಗ. ಎರಡನೇ ವಾರಕ್ಕ, ಅದೂ ಬರೋಬರಿ ಒಂದ ದಿನಕ್ಕ ಅಂದ್ರ... ನಾಳೆ ದವಾಖಾನಿಗೆ ಬರ್ರಿ, ತೋರಸ್ತೀನಿ."

ಮರುದಿನ ಪಾರ್ವತೆಮ್ಮ ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟಳು. ಬೆಳಕಿನ ಬಟ್ಟಲಿನಲ್ಲಿ ಸಾಸಿವೆಯಂಥ ಗುಂಡನೆಯ ಕಾಳುಗಳು ತೇಲುತ್ತಿದ್ದವು. ಅವು ಕಾಕ್ಸಿಡಿಯಾ ಎಂಬ ಪರೋಪಜೀವಿಯ ತತ್ತಿಗಳು ಎಂದರು ಡಾಕ್ಟರು. ಮರಿಯ ಕರುಳಿನ ಒಳಪದರಿನಲ್ಲಿ ಬೆಳೆದು ಅದನ್ನು ಕೆಡಿಸುತ್ತವೆ. ಕುಡಿದ ಹಾಲು ಮೈಗೆ ಹತ್ತುವುದಿಲ್ಲ. ಅಂಗಡಿಯವನ ಇಂಜೆಕ್ಷನ್ ಇವಕ್ಕೆ ನಾಟುವುದಿಲ್ಲ. ತತ್ತಿ ಹಿಕ್ಕೆಯ ಜೊತೆ ನೆಲಕ್ಕೆ ಬೀಳುತ್ತದೆ, ಬಿಸಿ ಮತ್ತು ಹಸಿ ಸಿಕ್ಕರೆ ಒಂದೇ ದಿನದಲ್ಲಿ ಬಲಿಯುತ್ತದೆ, ಮುಂದಿನ ಸೂಲಿನ ಮರಿ ನೆಲ ನೆಕ್ಕಿದಾಗ ಹೊಟ್ಟೆ ಸೇರುತ್ತದೆ.

"ನೆಲ ಎಷ್ಟು ಸಲ ತೊಳೀತೀರಿ?"

"ಮೂರು ಸಲ ರೀ. ಫಿನಾಯಿಲ್ ಹಾಕಿ," ಎಂದಳು ಪಾರ್ವತೆಮ್ಮ. ದನಿಯಲ್ಲಿ ಸ್ವಲ್ಪ ಹೆಮ್ಮೆಯಿತ್ತು.

"ಅಲ್ಲೇ ಗಲತ್ ಆಗೈತಿ. ಫಿನಾಯಿಲ್‌ಗೆ ಇದು ಸಾಯಂಗಿಲ್ಲ. ನೆಲ ಯಾವಾಗ್ಲೂ ಹಸಿ. ನೀವ ಅದನ್ನ ಸಾಕಾಕತ್ತೀರಿ."

ಪಾರ್ವತೆಮ್ಮ ಸೂಕ್ಷ್ಮದರ್ಶಕದಿಂದ ಹಿಂದೆ ಸರಿದಳು. "ಊರ ಮಂದಿ ಹೊಲಸು ಅಂದ್ರು, ತೊಳದ್ನಿ. ಈಗ ನೀವು ತೊಳದದ್ದ ತಪ್ಪು ಅಂತೀರಿ. ನಾ ಯಾರ ಮಾತು ಕೇಳ್ಲಿ?"

ಅಶ್ವಿನಿ ಕುರ್ಚಿಯನ್ನು ಅವಳ ಹತ್ತಿರ ಎಳೆದುಕೊಂಡರು. "ತೊಳ್ಯೋದು ತಪ್ಪಲ್ರಿ. ಹಸಿ ಬಿಡೋದು ತಪ್ಪು. ಇದು ಸಾಯೋದು ಕುದಿಯೋ ನೀರಿಗೆ, ಬೆಂಕಿಗೆ. ಒಣ ನೆಲದಾಗ ಬಲಿಯಂಗಿಲ್ಲ. ಬೆಂಕಿ ನಿಮ್ಮ ಮನ್ಯಾಗ ಐತಲ್ಲ?"

ಇತ್ತು. ಹಂದಿ ಕೊಯ್ದಾಗ ಕೂದಲು ಸುಡಲು ಪಂಪಣ್ಣ ಗ್ಯಾಸ್ ಸಿಲಿಂಡರಿಗೆ ಉದ್ದನೆಯ ಕೊಳವೆ ಜೋಡಿಸಿಕೊಂಡಿದ್ದ. ಅದನ್ನು ದೊಡ್ಡಿಗೆ ಒಯ್ಯಲು ಅವನು ಒಪ್ಪಲಿಲ್ಲ.

"ಸತ್ತ ಹಂದಿ ಸುಡೋ ಬೆಂಕಿ ಇದು. ಬಾಣಂತಿ ಕ್ವಾಣ್ಯಾಗ ಹಚ್ಚಂತೀ?"

"ಸತ್ತದ್ದಕ್ಕ ಹಚ್ಚಿದ್ದು ಸಾಕು, ಮೇಘಾನಪ್ಪ. ಹುಟ್ಟೋದಕ್ಕೂ ಒಮ್ಮಿ ಹಚ್ಚು."

ಖಾಲಿ ಇದ್ದ ಅಂಕಣವನ್ನು ಅವಳು ಕೆರೆದು ಉಜ್ಜಿದಳು, ಕುದಿಯುವ ನೀರು ಸುರಿದಳು, ಎರಡು ದಿನ ಬಿಸಿಲಿಗೆ ಒಣಗಲು ಬಿಟ್ಟಳು. ಆಮೇಲೆ ಪಂಪಣ್ಣ ಉರಿ ಹಿಡಿದ. ಸಿಮೆಂಟು ಸಿಡಿಯದಂತೆ, ಒಂದೇ ಕಡೆ ನಿಲ್ಲದೆ, ಕಸಬರಿಗೆ ಆಡಿಸಿದ ಹಾಗೆ ಮೂಲೆ ಮೂಲೆಗೆ ನೀಲಿ ಉರಿ ಆಡಿಸಿದ. ನೆಲಕ್ಕೂ ಗೋಡೆಯ ಬುಡಕ್ಕೂ ಸುಣ್ಣ ಬಳಿದರು. ಮಿಲ್ಲಿನ ಟ್ರ್ಯಾಕ್ಟರ್ ಓಡಿಸುವ ರಫೀಕ್ ನೆಲಕ್ಕೆ ಹಾಸಲು ಭತ್ತದ ಹೊಟ್ಟು ತಂದ, ಮನೆ ಮುಂದಿನ ಬೇವಿನ ಮರದ ಹತ್ತಿರವೇ ನಿಂತು, "ಅಕ್ಕಾ, ನಾ ಇಲ್ಲೀ ತನಕ ಅಷ್ಟ. ಒಳಗ ಬಂದ್ರ ನಮ್ಮವ್ವ ಇವತ್ತು ಊಟಕ್ಕ ಹಾಕಂಗಿಲ್ಲ," ಎಂದು ನಕ್ಕ.

"ಇಲ್ಲೇ ಸುರುವಪ್ಪ. ಹೊತ್ಕೊಂಡು ಹೋಗಾಕ ನನಗ ಕೈ ಅದಾವ," ಎಂದಳು ಪಾರ್ವತೆಮ್ಮ.

ಗೌಡ್ತಿಯ ಕೆಚ್ಚಲು, ಹೊಟ್ಟೆ ತೊಳೆದು, ಮೈ ಒಣಗಿದ ಮೇಲೆ ಒಳಗೆ ಬಿಟ್ಟರು. ಬಾಗಿಲಲ್ಲಿ ಚಪ್ಪಲಿ ಬಿಡಬೇಕು, ಇನ್ನೊಂದು ಅಂಕಣಕ್ಕೆ ಹೋದ ಕಾಲು ಇಲ್ಲಿಗೆ ಬರಬಾರದು ಎಂದು ಡಾಕ್ಟರು ಹೇಳಿದ್ದರು. ಹನುಮಂತು ಚಪ್ಪಲಿ ಬಿಡಲೊಪ್ಪದೆ ಹೊರಗೇ ನಿಂತ. "ಹಂದಿಗೆ ಗುಡಿ ಕಟ್ಯಾಳ. ಇನ್ನ ಗಂಟಿ ಒಂದ ಬಾಕಿ."

ಗೌಡ್ತಿ ಹತ್ತು ಮರಿ ಹಾಕಿದಳು. ಪಾರ್ವತೆಮ್ಮ ನಾಲ್ಕನೆಯ ಸಾಲಿಗೆ ಮೊದಲ ಚುಕ್ಕಿ ಇಟ್ಟಳು. ಮೂರನೆಯ ಚುಕ್ಕಿಯ ದಿನ ಡಾಕ್ಟರು ಬಂದು ಪ್ರತಿ ಮರಿಯ ತೂಕ ನೋಡಿ ಬಾಯಿಗೆ ಒಂದೇ ಒಂದು ಸಲ ಬಿಳಿ ಔಷಧಿ ಹಾಕಿದರು. ಪಾರ್ವತೆಮ್ಮ ದಿನಕ್ಕೆ ಮೂರು ಹೊತ್ತು ಹಿಕ್ಕೆ ತೆಗೆದು, ಹಸಿಯಾದ ಹೊಟ್ಟು ಎತ್ತಿ, ಒಣ ಹೊಟ್ಟು ಹರಡಿದಳು. ಕೈ ನೀರಿಗೆ ತುಡಿಯುತ್ತಿತ್ತು. ಆರನೆಯ ದಿನ ಪಂಪಣ್ಣ ರೂಢಿಯಂತೆ ಪೈಪು ಎಳೆದುಕೊಂಡು ಬಂದಾಗ ಅವಳು ಕೂಗಿದ ಕೂಗಿಗೆ ಕಸ್ತೂರೆಮ್ಮನ ಎಮ್ಮೆ ಎದ್ದು ನಿಂತಿತು.

ಎಂಟನೆಯ ಬೆಳಿಗ್ಗೆ ಅವಳು ಮೊಳಕಾಲೂರಿ ಒಂದೊಂದೇ ಬಾಲ ಎತ್ತಿ ನೋಡಿದಳು. ಒಂಬತ್ತು ಮರಿ ಸರಿಯಿದ್ದವು. ಹತ್ತನೆಯದು, ಎಲ್ಲಕ್ಕಿಂತ ಸಣ್ಣದು, ಹಿಕ್ಕೆ ಮೆತ್ತಗೆ ಹಾಕಿತ್ತು.

"ಎಂಟಾತಲ್ಲ ಪಾರಿ?" ಹನುಮಂತು ಗೋಡೆಯ ಮೇಲಿನಿಂದ ಕೇಳಿದ. ಅವನೂ ಎಣಿಸುತ್ತಿದ್ದ.

ಅವಳು ಸುಳ್ಳು ಹೇಳಲಿಲ್ಲ. "ಒಂದಕ್ಕ ಮೆತ್ತಗ ಆಗೈತಿ ಭಾವ."

"ಜವಳಗೇರಾದ ಗದ್ದ್ಯಾಗ ನಾಟಿ ಸುರು ಆಗೈತಂತ," ಎಂದಷ್ಟೇ ಹೇಳಿ ಅವನು ಹೋದ.

ಅರಿಶಿಣದ ಬಟ್ಟಲು ಕೈಯಲ್ಲಿತ್ತು. ಪಾರ್ವತೆಮ್ಮ ಅದನ್ನು ಕೆಳಗಿಟ್ಟು ಡಾಕ್ಟರಿಗೆ ಫೋನು ಮಾಡಿದಳು. ಹೆದರಬೇಡಿ, ಔಷಧಿ ಹಾಕಿದರೂ ಒಂದೆರಡಕ್ಕೆ ಹೀಗಾಗಬಹುದು. ಬೆಚ್ಚಗಿಡಿ, ಒಣಗಿಡಿ, ಕುದಿಸಿ ಆರಿಸಿದ ನೀರಿಗೆ ಉಪ್ಪು ಸಕ್ಕರೆ ಹಾಕಿ ಕುಡಿಸಿ ಎಂದರು. ಆ ದಿನವೆಲ್ಲ ಅವಳು ಅಲ್ಲೇ ಕುಳಿತಳು. ಮರಿ ಮಲಗಿದ ಕಡೆ ಹೊಟ್ಟು ಬದಲಿಸಿದಳು, ಚಮಚದಲ್ಲಿ ನೀರು ಕುಡಿಸಿದಳು. ಒಂಬತ್ತನೆಯ ದಿನ ಅದು ಅಣ್ಣತಮ್ಮಂದಿರನ್ನು ತಲೆಯಿಂದ ನೂಕಿ ಮೊಲೆ ಹಿಡಿಯಿತು. ಹತ್ತನೆಯ ದಿನ ಹಿಕ್ಕೆ ಗಟ್ಟಿಯಾಯಿತು. ಉಳಿದ ಒಂಬತ್ತಕ್ಕೆ ಏನೂ ಆಗಲಿಲ್ಲ.

ಹದಿನೈದನೆಯ ಚುಕ್ಕಿಯ ನಂತರ ಕಸ್ತೂರೆಮ್ಮ ಗೋಡೆಯಾಚೆಯಿಂದ ಕೇಳಿದಳು. "ಏ ಪಾರ್ವತಿ, ಹಂದಿ ಮಾರಿದ್ಯೇನು? ನೀರು ಬಡಿಯೋ ಸಪ್ಪಳಿಲ್ಲ, ವಾಸನಿನೂ ಇಲ್ಲ."

ಅಷ್ಟರಲ್ಲಿ ಗೌಡ್ತಿ ಮಗ್ಗುಲಾದಳು. ಹತ್ತು ಗಂಟಲು ಒಟ್ಟಿಗೆ ಕಿರುಚಿದವು.

"ಮಾರಿಲ್ರಿ," ಎಂದಳು ಪಾರ್ವತೆಮ್ಮ. "ಗೌಡ್ತಿ ಮಕ್ಕಳಿಗೆ ಊಟಕ್ಕ ಹಾಕಾಕತ್ತಾಳ." ಆ ಹೆಸರು ಬಾಯಿಂದ ಬಿದ್ದೇಹೋಗಿತ್ತು. ಗೋಡೆಯಾಚೆಯಿಂದ ಕಸ್ತೂರೆಮ್ಮನ ನಗು ಕೇಳಿತು.

ನಾಲ್ಕನೆಯ ಸಾಲು ಗೋಡೆಯ ಉದ್ದಕ್ಕೂ ನಡೆಯಿತು. ಮೂವತ್ತಾರಕ್ಕೆ ಗೋಡೆ ಮುಗಿಯಿತು. ಚುಕ್ಕಿಗಳು ಮೂಲೆ ತಿರುಗಿ ಪಕ್ಕದ ಗೋಡೆ ಹಿಡಿದವು. ನಲವತ್ತನೆಯದನ್ನು ಇಡುತ್ತಿದ್ದಾಗ ಬಾಗಿಲಲ್ಲಿ ಸಪ್ಪಳವಾಯಿತು. ಹನುಮಂತು ನಿಂತಿದ್ದ, ಹೆಗಲ ಮೇಲೆ ಹಗ್ಗ, ಕೈಯಲ್ಲಿ ನಾಲ್ಕು ಗೂಟ. ಯಾರೂ ಹೇಳದೆ ಚಪ್ಪಲಿ ಬಿಟ್ಟು ಒಳಗೆ ಬಂದ.

"ಅಗಲ ಎಷ್ಟು ಇಟ್ಟೀಯವ್ವ ಇದನ್ನ?" ಎಂದು ಗೋಡೆ ನೋಡುತ್ತ ಕೇಳಿದ. "ನಮ್ಮ ಹಿತ್ತಲದಾಗ ಹಿಡೀತೈತೇನು ನೋಡಬೇಕು. ಬ್ಯಾರೆ ಮನ್ಯಾವ್ರೂ ಕೇಳಾಕತ್ತಾರ." ಮರಿಗಳ ಕಡೆ ನೋಡಿ, "ಒಂದು ಹೆಣ್ಣುಮರಿ ಕೊಡು. ಆ ಸಣ್ಣದು ಆದ್ರೂ ನಡೀತೈತಿ."

"ಯಾವುದಾರ ಒಯ್ರಿ ಭಾವ, ಅದೊಂದು ಬಿಟ್ಟು. ಅದು ನಂದು."

ಹನುಮಂತು ಹಗ್ಗ ಬಿಚ್ಚಿದ. ಪಾರ್ವತೆಮ್ಮ ಸುಣ್ಣದ ಬೆರಳನ್ನು ಸೆರಗಿಗೆ ಒರೆಸಿಕೊಂಡು ಇನ್ನೊಂದು ತುದಿ ಹಿಡಿದಳು.

"ನೆಲಕ್ಕ ಸಿಮೆಂಟ್ ಹಾಕಸ್ರಿ," ಎಂದಳು. "ಫ್ಯಾನ್ ಬ್ಯಾಡ."