ಎಡಗೈಯ ಊಟ

ಹೋದ ತಿಂಗಳು ರಾಣೆಬೆನ್ನೂರಿನಿಂದ ದಾವಣಗೆರೆಗೆ ಬಸ್ಸಿನಲ್ಲಿ ಬರುತ್ತಿದ್ದೆ. ಹರಿಹರದ ಸೇತುವೆ ಬಂದಾಗ ಮುಂದಿನ ಸೀಟಿನ ಹೆಂಗಸು ಪರ್ಸಿನಿಂದ ಒಂದು ನಾಣ್ಯ ತೆಗೆದು, ಕಣ್ಣಿಗೊತ್ತಿಕೊಂಡು, ಕಿಟಕಿಯಾಚೆ ಕೈ ಚಾಚಿದಳು. ನಾನು ಎದ್ದವಳೇ ಅವಳ ಮೊಣಕೈ ಹಿಡಿದು ಒಳಕ್ಕೆ ಎಳೆದುಬಿಟ್ಟೆ. ನಾಣ್ಯ ಸೀಟಿನ ಕೆಳಗೆ ಉರುಳಿತು. ಹುಚ್ಚಿಯನ್ನು ನೋಡುವಂತೆ ನನ್ನನ್ನು ನೋಡಿದಳು. ನೋಡಿಕೊಳ್ಳಲಿ. ಆ ಹೊಳೆಗೆ ಒಬ್ಬಳು ಕಾಸು ಹಾಕಿ ಏನು ಕಳೆದುಕೊಂಡಳು ಎಂಬುದನ್ನು ನಾನು ಬಲ್ಲೆ.

ಎಪ್ಪತ್ತರ ದಶಕದ ಕೊನೆ ಇರಬೇಕು. ಮದುವೆಯಾಗಿ ದಾವಣಗೆರೆಗೆ ಬಂದ ಹೊಸತು ನಾನು. ನಮ್ಮ ಗೋಡೆಗೆ ಅಂಟಿಕೊಂಡ ಮನೆಯಲ್ಲಿ ಆ ಅಕ್ಕ ಇದ್ದಳು. ಗಂಡನಿಗೆ ಬಟ್ಟೆ ಮಿಲ್ಲಿನಲ್ಲಿ ಕೆಲಸ. ಇವಳು ಖಾನಾವಳಿಗಳಿಗೆ ಜೋಳದ ರೊಟ್ಟಿ ಬಡಿದುಕೊಡುತ್ತಿದ್ದಳು. ದೊಡ್ಡವರ ಮನೆ ಮದುವೆಗಳಲ್ಲಿ ಹೋಳಿಗೆ ಮಾಡಲೂ ಅವಳಿಗೇ ಕರೆ ಬರುತ್ತಿತ್ತು. ಅಡುಗೆ ಬಾರದ ಸೊಸೆ ಎಂದು ಅತ್ತೆ ನನ್ನನ್ನು ಹಂಗಿಸುತ್ತಿದ್ದಾಗ ಹಿತ್ತಲಲ್ಲಿ ಕೂರಿಸಿಕೊಂಡು ರೊಟ್ಟಿ ಬಡಿಯಲು ಕಲಿಸಿದವಳು ಅವಳು. ಹಿಟ್ಟಿನ ಮೇಲೆ ಸಿಟ್ಟು ತೀರಿಸಿಕೊಳ್ಳಬೇಡ, ರೊಟ್ಟಿ ಹರಿಯುತ್ತದೆ ಎಂದು ಬೈಯುತ್ತಿದ್ದಳು…

ತವರಿನಿಂದ ಬರುತ್ತಾ ಒಂದು ದಿನ ಅದೇ ಸೇತುವೆಯ ಮೇಲೆ ಅವಳೂ ಕೈ ಚಾಚಿದಳು. ಹೊಳೆ ದಾಟುವಾಗ ಗಂಗಮ್ಮನಿಗೆ ಕಾಸು ಹಾಕದೆ ಬರುವುದು ಆಗಿನವರಿಗೆ ಗೊತ್ತೇ ಇರಲಿಲ್ಲ. ಎದುರಿನಿಂದ ಬಂದ ಲಾರಿಯೊಂದು ಎತ್ತಿನಗಾಡಿಯನ್ನು ಹಿಂದೆ ಹಾಕುವ ಭರದಲ್ಲಿ ಈ ಕಡೆಗೆ ನುಗ್ಗಿ, ಬಸ್ಸಿನ ಮೈ ಉಜ್ಜಿಕೊಂಡೇ ಹೋಯಿತು. ಅಕ್ಕನ ಬಲಗೈ ಮೊಣಕೈಯಿಂದ ಕೆಳಗೆ ಉಳಿಯಲಿಲ್ಲ. ಲಾರಿ ಯಾರದು ಅಂದರೆ, ಎಂ.ಸಿ.ಸಿ. ಬಡಾವಣೆಯ ಸಾಹುಕಾರರದು. ಅವರ ಮನೆಗೂ ಅವಳು ಹೋಳಿಗೆ ಮಾಡಿಕೊಟ್ಟವಳೇ.

ಸಾಹುಕಾರ್ತಿ ಆಸ್ಪತ್ರೆಗೆ ಬಂದಳು. ಹಸಿರು ಸೀರೆ, ಕುಪ್ಪಸದ ಕಣ, ಅಕ್ಕಿ, ಕೊಬ್ಬರಿ ಬಟ್ಟಲು ತಂದು ಅಕ್ಕನ ಉಡಿ ತುಂಬಿದಳು. ತಲೆ ಸವರಿ, "ನಾ ನಿನ್ನ ಒಡಹುಟ್ಟಿದಾಕಿ ಅಂತ ತಿಳ್ಕ. ಹೆಂಗಾತವ್ವ?" ಎಂದು ಕೇಳಿದಳು. ಉಡಿ ತುಂಬಿದವಳ ಹತ್ತಿರ ಮುಚ್ಚಿಡುವುದೇನು? ಅಕ್ಕ ಕಾಸಿನ ವಿಷಯ ಎಲ್ಲವನ್ನೂ ಹೇಳಿದಳು. ನಾನು ಪಕ್ಕದಲ್ಲೇ ಮೋಸಂಬಿ ಸುಲಿಯುತ್ತಿದ್ದೆ. ಎಂಥ ದೊಡ್ಡ ಮನಸ್ಸು ಈ ಅಮ್ಮನದು ಅಂದುಕೊಂಡೆ, ನನ್ನ ತಲೆ!

ಅಕ್ಕ, ಅವಳ ಗಂಡ ಸೇರಿ ಪರಿಹಾರಕ್ಕೆ ಕೇಸು ಹಾಕಿದರು. ವಿಮೆ ಇದ್ದ ಲಾರಿ, ಕೊಡುವುದು ವಿಮೆಯವರು, ಸಾಹುಕಾರರ ಗಂಟೇನೂ ಹೋಗುತ್ತಿರಲಿಲ್ಲ. ಅಕ್ಕನಿಗೂ ಬೇಕಾದದ್ದು ಒಂದೇ. ಹಣ ಯಾವಾಗಲಾದರೂ ಬರಲಿ, ತಪ್ಪು ಲಾರಿಯದು ಎಂದು ಕೋರ್ಟು ಹೇಳಬೇಕು, ಅಷ್ಟೆ. ಆದರೆ ತಮ್ಮ ಲಾರಿ ತಪ್ಪು ಮಾಡಿತು ಅನ್ನಿಸಿಕೊಳ್ಳಲು ಆ ಮನೆಯವರಿಗೆ ಮನಸ್ಸಿರಲಿಲ್ಲ. ಸಾಹುಕಾರ್ತಿ ಸ್ವತಃ ಕಟಕಟೆ ಹತ್ತಿದಳು. ಕೈ ಹೊರಗಿತ್ತೆಂದು ಇವಳೇ ತನ್ನ ಮುಂದೆ ಹೇಳಿದ್ದಾಳೆ ಎಂದು ತಣ್ಣಗೆ ಹೇಳಿ, ಸೆರಗು ಸರಿ ಮಾಡಿಕೊಂಡು ಇಳಿದಳು.

ಇಲ್ಲ ಅಂದುಬಿಡು ಎಂದು ನಮ್ಮ ವಕೀಲರು ಕಿವಿಯಲ್ಲಿ ಹೇಳಿದರು. ಗಂಗಮ್ಮನಿಗೆ ಕೊಟ್ಟದ್ದನ್ನು ಕೊಟ್ಟಿಲ್ಲ ಅನ್ನಲು ಅಕ್ಕ ಒಪ್ಪಲಿಲ್ಲ. "ಹೌದ್ರಿ, ಕೈ ಹೊರಗಿತ್ತು. ಲಾರಿ ನಮ್ ಕಡಿಗೆ ಯಾಕ ಬಂತು, ಅದನ್ ಕೇಳ್ರಿ" ಅಂದಳು. ತಪ್ಪಿನಲ್ಲಿ ಅರ್ಧ ಅವಳದೂ ಇದೆ ಎಂದು ತೀರ್ಪಾಯಿತು. ಪರಿಹಾರವೂ ಅರ್ಧಕ್ಕಿಳಿಯಿತು. ಆ ಅರ್ಧ ತಪ್ಪು ಅವಳನ್ನು ಸುಟ್ಟುಹಾಕಿತು.

ಆಮೇಲೆ ದಿನಾ ಬೆಳಗ್ಗೆ ಅವಳ ಜಡೆ ಹೆಣೆದು, ಸೀರೆ ನಿರಿಗೆ ಸಿಕ್ಕಿಸುವುದು ನನ್ನ ಕೆಲಸವಾಯಿತು. ಒಂದೆರಡು ಸಲ ಎಡಗೈಯಲ್ಲಿ ರೊಟ್ಟಿ ಬಡಿಯಲು ಕೂತಳು. ಹರಿದ ರೊಟ್ಟಿಯನ್ನು ಒಲೆಗೇ ಎಸೆದಳು. ಜಡೆ ಹೆಣೆಯುವಾಗೆಲ್ಲ ನಾವಿಬ್ಬರೂ ಸೇರಿ ಆ ಮನೆಗೆ ಶಾಪ ಹಾಕುತ್ತಿದ್ದೆವು. ಸುಳ್ಳೇಕೆ, ನನಗೆ ಅದರಲ್ಲಿ ಸುಖವಿತ್ತು.

ಕೆಲವು ವರ್ಷ ಕಳೆದ ಮೇಲೆ ಸಾಹುಕಾರರ ಮಗಳ ಮದುವೆ ಬಂತು. ನಮ್ಮನ್ನು ಕರೆದವರು ಯಾರು? ಅಕ್ಕ ಟ್ರಂಕಿನಿಂದ ಆ ಹಸಿರು ಸೀರೆ ತೆಗೆದಳು. ಒಂದು ಸಲವೂ ಉಟ್ಟಿರಲಿಲ್ಲ. ನಾನೇ ಉಡಿಸಿದೆ. ಕಲ್ಯಾಣ ಮಂಟಪಕ್ಕೆ ಹೋಗಿ ನೆಟ್ಟಗೆ ಬೀಗರ ಪಂಕ್ತಿಯಲ್ಲಿ ಕೂತೆವು. ಎಲೆಗೆ ಹೋಳಿಗೆ ಬಿತ್ತು. ಅಕ್ಕ ಎಡಗೈಯಿಂದ ಮುರಿದು ಬಾಯಿಗಿಟ್ಟಳು. ಇದೇನವ್ವ, ಎಡಗೈಲಿ ಉಣ್ಣುತ್ತೀಯಲ್ಲ ಎಂದು ಪಕ್ಕದಲ್ಲಿದ್ದ ಗಂಡಿನ ತಾಯಿ ಕೇಳಿದಳು. ಅಕ್ಕ ಸೆರಗು ಸರಿಸಿ ಮೊಂಡುಗೈ ತೋರಿಸಿದಳು.

ತುಪ್ಪ ಬಡಿಸುತ್ತಾ ಬಂದ ಸಾಹುಕಾರ್ತಿ ಮೊದಲು ಸೀರೆಯ ಗುರುತು ಹಿಡಿದಳು. ಒಳಗೆ ಬಾರವ್ವ, ಕೋಣೆಯಲ್ಲಿ ಬಡಿಸುತ್ತೇನೆ ಅಂದಳು.

"ಬಲಗೈ ನಿಮ್ ಲಾರಿ ತಿಂತು. ಎಡಗೈಲಿ ಉಣ್ಣಾದನ್ನ ನೋಡಾಕೂ ಆಗಲ್ವಾ ಅಮ್ಮಾರೆ? ಬೀಗರು ಕೇಳ್ತಾರೆ, ಹೇಳ್ರಿ. ತಪ್ಪು ಯಾರ್ದು?"

ಇಡೀ ಸಾಲು ಊಟ ನಿಲ್ಲಿಸಿತ್ತು. ಸಾಹುಕಾರ್ತಿ ತುಪ್ಪದ ಗಿಂಡಿಯನ್ನು ಕೆಳಗಿಟ್ಟಳು. ಗಂಡಿನ ತಾಯಿ ಅವಳ ಮುಖವನ್ನೇ ನೋಡುತ್ತಿದ್ದಳು.

"ನಮ್ದೇ ಕಣವ್ವ" ಅಂದಳು ಕೊನೆಗೆ. "ಪೂರಾ ನಮ್ದೇ. ಉಣ್ಣು."

ನನ್ನ ಹೊಟ್ಟೆ ತಣ್ಣಗಾಯಿತು. ಅಕ್ಕ ಎಲೆಯಲ್ಲಿ ಒಂದು ಅಗುಳೂ ಬಿಡದೆ ಉಂಡಳು.

ಜಟಕಾದಲ್ಲಿ ಮನೆಗೆ ಬರುವಾಗ ಗೆದ್ದೆವು ಎಂದು ನಾನು ಬಡಬಡಿಸುತ್ತಲೇ ಇದ್ದೆ. ಅವಳು "ಹೂರಣ ಸರಿಯಾಗಿ ರುಬ್ಬಿಲ್ಲ ಕಣೆ" ಅಂದಳು. "ನಾನಾಗಿದ್ರೆ…" ಎಂದು ಎಡಗೈಯನ್ನೊಮ್ಮೆ ನೋಡಿ ಸೆರಗಿನೊಳಗೆ ಸೇರಿಸಿಕೊಂಡಳು.

ಅಕ್ಕ ಹೋಗಿ ಬಹಳ ಕಾಲವಾಯಿತು. ಸಾಹುಕಾರ್ತಿಯೂ ಇಲ್ಲ. ಆದರೂ ಆ ಮನೆತನದ ಹೆಸರು ಬರೆದ ಲಾರಿ ಕಂಡರೆ ಈಗಲೂ ನನ್ನ ಮೈ ಉರಿಯುತ್ತದೆ. ಯಾರೇನೇ ಅನ್ನಲಿ, ಆ ಉರಿಯನ್ನು ನಾನು ಆರಲು ಬಿಟ್ಟಿಲ್ಲ. ಅವಳದೆಂದು ನನ್ನ ಬಳಿ ಉಳಿದಿರುವುದು ಅದು ಮತ್ತು ರೊಟ್ಟಿ ಬಡಿಯುವ ಕೈ, ಎರಡೇ.

ಬಸ್ಸು ಸೇತುವೆ ದಾಟಿತ್ತು. ಮುಂದಿನ ಸೀಟಿನವಳು ಬಗ್ಗಿ ನಾಣ್ಯ ಹುಡುಕಿಕೊಂಡು, "ಯಾಕ್ರಿ ಹಂಗ್ ಎಳದ್ರಿ?" ಎಂದು ಕೇಳಿದಳು.

"ಲಾರಿ ಬರ್ತಿತ್ತವ್ವ" ಅಂದೆ.

ಅವಳು ಹಿಂದೆ ತಿರುಗಿ ನೋಡಿದಳು. ಸೇತುವೆ ಖಾಲಿ ಇತ್ತು.