ಒತ್ತಡ ಇಳಿಸಿದ ಮಾತ್ರೆ

ಅರವತ್ತರ ದಶಕದ ಮೊದಲಲ್ಲಿ, ಏಳು ತಿಂಗಳ ಬಸುರಿಯಾಗಿ ಮಾಸೂರಿನ ತವರಿಗೆ ಬಂದಾಗ ನನ್ನ ರಕ್ತದೊತ್ತಡ ವಿಪರೀತ ಏರಿತ್ತು. ಹಿರೇಕೆರೂರಿನ ಡಾಕ್ಟರು ಕೊಟ್ಟ ಮಾತ್ರೆಯಿಂದ ಅದು ಇಳಿಯಿತು. ಆದರೆ ದಿನೇ ದಿನೇ ನನಗೆ ಮಾತೂ ಊಟವೂ ಬೇಡವಾದವು. ಒಂದು ಮಧ್ಯಾಹ್ನ ಮದಗದ ಕೆರೆಯ ಏರಿಯ ಮೇಲೆ ನಿಂತು ನೀರನ್ನೇ ನೋಡುತ್ತಿದ್ದೆ, ಹೆದರಿಕೆಯೇ ಆಗಲಿಲ್ಲ. ಅವ್ವ ಓಡಿ ಬಂದು ರಟ್ಟೆ ಹಿಡಿದಳು.

ಮರುದಿನ ಅವಳು ಡಾಕ್ಟರಿಗೆ ಹೇಳಿದಳು: “ಒತ್ತಡ ಇಳದೈತ್ರಿ. ಆದ್ರ ಇಕಿ ನನ್ನ ಮಗಳಂಗ ಇಲ್ಲರಿ.”

ಡಾಕ್ಟರು ಹಳೆಯ ಚೀಟಿ ತೆಗೆದು ಮಾತ್ರೆಯ ಹೆಸರು ಹೊಡೆದುಹಾಕಿದರು. “ಈ ಮಾತ್ರಿ ಕೆಲವರ ಮನಸ್ಸು ಕುಗ್ಗಸ್ತೈತ್ರಿ. ಬ್ಯಾರೇದು ಕೊಡ್ತೇನಿ. ತಲಿ ನೋಯ್ತೈತಿ, ಎದಿ ಬಡಕೋತೈತಿ, ತಡಕೋಬೇಕು,” ಎಂದರು.

ತಲೆ ಸಿಡಿಯುತ್ತಿತ್ತು. ಆದರೂ ಎಂಟು ದಿನಕ್ಕೆ ಹಸಿವಾಗಿ ರೊಟ್ಟಿ ಕೇಳಿದೆ. ಮಗಳು ಹುಟ್ಟಿ ಅಳುವವರೆಗೆ ಅವ್ವ ಮಾತ್ರ ನನ್ನ ಬೆನ್ನು ಬಿಡಲಿಲ್ಲ.